ಟೇಪಿನಲ್ಲಿ ಎಳೆದ ಮನೆ: ಒಂದು ಸಾಕ್ಷ್ಯಚಿತ್ರದ ಪ್ರಕರಣ ಅಧ್ಯಯನ

ನಿರ್ದೇಶಕಿಗೆ 37 ವರ್ಷ, ಅವಳ ಅಪ್ಪನಿಗೆ 68. ಅವಳಿಗೆ 6 ತುಂಬಿದ್ದಾಗ ಕುಟುಂಬ ರಾತ್ರೋರಾತ್ರಿ ಊರು ಬಿಟ್ಟು ಗಡಿ ದಾಟಿತು. 31 ವರ್ಷ ಕಳೆದ ಮೇಲೆ ಅಪ್ಪನನ್ನು ಆ ಹಳೆಯ ಮನೆಯ ಬಾಗಿಲಿಗೆ ಕರೆದೊಯ್ಯಬೇಕು, ಬಾಗಿಲು ತೆರೆಯುವ ಗಳಿಗೆಯನ್ನು ಚಿತ್ರೀಕರಿಸಬೇಕು, ಉಳಿದ ಚಿತ್ರವನ್ನು ಅದರ ಸುತ್ತ ಕಟ್ಟಬೇಕು ಎಂದು ಅವಳ ಯೋಜನೆ. ಅಪ್ಪನ ಅಕ್ಕ, ಅಂದರೆ ಅವಳ ಅತ್ತೆ, 72ರವರು; ಎರಡು ವರ್ಷ ತಡವಾಗಿ ಊರು ಬಿಟ್ಟು ಮೂರನೆಯ ದೇಶವೊಂದರಲ್ಲಿ ನೆಲೆ ನಿಂತವರು. ಕೈಯಲ್ಲಿದ್ದ ಹಳೆಯ ಸಾಮಗ್ರಿ 9 ಸೂಪರ್ 8 ರೀಲು (ಹಿಂದೆ ಮನೆಗಳಲ್ಲಿ ಚಲನಚಿತ್ರ ತೆಗೆಯುತ್ತಿದ್ದ ಕಿರಿದಾದ ಫಿಲ್ಮು), ಒಂದು ಡಬ್ಬಿ ಕಾಗದಪತ್ರ, ಒಂದು ಬೀಗದ ಕೈ.

ಮೊದಲೇ ಒಂದು ಮಾತು. ಇದು ಯಾವುದೋ ಒಂದೇ ಕುಟುಂಬದ ಕತೆಯಲ್ಲ. ನೆಲೆ ತಪ್ಪಿದವರ ಕುರಿತ ಚಿತ್ರಗಳಲ್ಲಿ ಮತ್ತೆ ಮತ್ತೆ ಎದುರಾಗುವ ತೊಡಕುಗಳನ್ನು ಒಂದು ಪ್ರಕರಣವಾಗಿ ಜೋಡಿಸಿದ್ದೇವೆ; ಆದ್ದರಿಂದ ಊರು, ದೇಶ, ವ್ಯಕ್ತಿಗಳ ಹೆಸರಿಲ್ಲ. ಕಾನೂನು ಮತ್ತು ತಾಂತ್ರಿಕ ಸಂಗತಿಗಳು ಇದ್ದದ್ದು ಇದ್ದಂತೆಯೇ ಇವೆ.

ಮೊದಲ 14 ಗಂಟೆ

ಕೆಲಸ ಶುರುವಾದದ್ದು ಸಂದರ್ಶನದಿಂದ. ನಾಲ್ಕು ದಿನ, 14 ಗಂಟೆಯ ಫುಟೇಜು. ಮೇಜಿನ ಒಂದು ಬದಿಗೆ ಅಪ್ಪ, ಎದುರಿಗೆ ಮಗಳು, ಒಂದು ಮೆದು ದೀಪ, ಕಾಲರ್ ಮೈಕು, ಎರಡು ಕ್ಯಾಮೆರಾ. ಬೆಳಕಿನಲ್ಲಿ ಕುಂದಿಲ್ಲ, ದನಿಯಲ್ಲಿ ಕುಂದಿಲ್ಲ. "ಅಪ್ಪಾ, ಮನೆ ಅಂದರೆ ನಿನಗೇನು?", "ನೀನು ಎಲ್ಲಿಯವನು ಅಂತ ಅನ್ನಿಸುತ್ತೆ?" ಎಂದು ಅವಳು ಕೇಳಿದಳು. ಅಪ್ಪ ಉತ್ತರವಾಗಿ ಕೊಟ್ಟದ್ದು ತಾರೀಖುಗಳು. ಹೊರಟ ದಿನ, ಗಡಿ ದಾಟಿದ ದಿನ, ಅರ್ಜಿ ಕೊಟ್ಟ ದಿನ, ಕಡತದ ಸಂಖ್ಯೆ. ದನಿ ಏರಲೂ ಇಲ್ಲ, ಇಳಿಯಲೂ ಇಲ್ಲ.

ಅಪ್ಪ ಮನಸ್ಸು ಬಿಚ್ಚುವುದಿಲ್ಲ ಎಂದು ತಂಡ ತೀರ್ಮಾನಿಸಿತು. ಅದು ತಪ್ಪು ತೀರ್ಮಾನ. ಆಶ್ರಯ ಕೋರಿದವರನ್ನು ಅಧಿಕಾರಿಗಳು ವಿಚಾರಿಸುವ ಕೋಣೆ ಹೇಗಿರುತ್ತದೆ ಎಂದು ನೆನೆಸಿಕೊಂಡರೆ ಕಾರಣ ಹೊಳೆಯುತ್ತದೆ: ನಡುವೆ ಮೇಜು, ಎದುರಿಗೆ ಪ್ರಶ್ನೆ ಕೇಳುವವರು, ಪಕ್ಕದಲ್ಲಿ ದಾಖಲಿಸುವ ಯಂತ್ರ. ಅಲ್ಲಿ ಇಂದಿನ ಹೇಳಿಕೆ ಮೊನ್ನೆಯ ಹೇಳಿಕೆಗೆ ತಾಳೆಯಾಗದಿದ್ದರೆ ನಂಬಿಕೆ ಹೋಗುತ್ತದೆ, ಅರ್ಜಿ ಬಿದ್ದುಹೋಗಬಹುದು. ಬದುಕು ಉಳಿಯಲಿ ಎಂದು ಒಮ್ಮೆ ಬಾಯಿಪಾಠ ಮಾಡಿಕೊಂಡ ಕತೆಯನ್ನು ಅಂಥದೇ ಕೋಣೆ ಕಂಡ ಕೂಡಲೇ ಬಾಯಿ ತಾನಾಗಿ ಒಪ್ಪಿಸುತ್ತದೆ. ತನಗೆ ಅರಿವಿಲ್ಲದೆ ಮಗಳು ಅಪ್ಪನಿಗೆ ಆ ಕೋಣೆಯನ್ನೇ ಮತ್ತೆ ಕಟ್ಟಿಕೊಟ್ಟಿದ್ದಳು.

ಇದನ್ನು ಸರಿಪಡಿಸುವುದಕ್ಕೆ ಹೆಚ್ಚಿನ ಸಲಕರಣೆ ಬೇಕಾಗಲಿಲ್ಲ. ಮೇಜು ತೆಗೆದರು. ಇಬ್ಬರೂ ಒಂದೇ ದಿಕ್ಕಿಗೆ ಮುಖ ಮಾಡಿ ಅಕ್ಕಪಕ್ಕ ಕೂತರು. ಕ್ಯಾಮೆರಾ ಎರಡೂವರೆ ಮೀಟರ್ ಹಿಂದಕ್ಕೆ, ಓರೆಯಾಗಿ ಹೋಯಿತು. ಅಪ್ಪನ ಕೈಗೆ ಕೆಲಸ ಕೊಟ್ಟರು: ಡಬ್ಬಿಯ ಕಾಗದಗಳನ್ನು ವಿಂಗಡಿಸುವುದು, ಹಳೆಯ ರೇಡಿಯೊ ಬಿಚ್ಚುವುದು. ಕಾಗದ ಮುಟ್ಟುವ ಕೆಲಸವಾದರೆ ಕಾಲರ್ ಮೈಕನ್ನು ಎದೆಯ ನಡುವಿನಿಂದ ಕತ್ತಿನ ಪಕ್ಕಕ್ಕೆ ಸರಿಸಬೇಕು, ಇಲ್ಲದಿದ್ದರೆ ಸರಬರ ಸದ್ದು ಮಾತನ್ನು ನುಂಗುತ್ತದೆ. ದನಿಯ ಮಟ್ಟ ಯಂತ್ರದ ಗರಿಷ್ಠ ಮಿತಿಯಾದ ಸೊನ್ನೆಗಿಂತ ಕೆಳಗೆ, ಮೈನಸ್ 12 ಡೆಸಿಬೆಲ್ ಸುತ್ತ ಇದ್ದರೆ ಹಠಾತ್ತನೆ ನಕ್ಕರೂ ಒಡೆಯುವುದಿಲ್ಲ.

ಪ್ರಶ್ನೆಗಳನ್ನೂ ಪೂರ್ತಿ ಬದಲಿಸಿದರು. ಬೀಗದ ಕೈ ಯಾವ ಬದಿಗೆ ತಿರುಗುತ್ತಿತ್ತು? ಕತ್ತಲಲ್ಲಿ ಹಾಸಿಗೆಯಿಂದ ಮೆಟ್ಟಿಲಿಗೆ ಎಷ್ಟು ಹೆಜ್ಜೆ? ಮಳೆ ಬಂದರೆ ಮೊದಲು ಸೋರುತ್ತಿದ್ದದ್ದು ಎಲ್ಲಿ? ಯಾವ ಬಾಗಿಲು ಕಿರುಗುಟ್ಟುತ್ತಿತ್ತು, ತಡವಾಗಿ ಬಂದ ದಿನ ಅದನ್ನು ಹೇಗೆ ತೆರೆಯುತ್ತಿದ್ದೆ? ಈ ಕೊನೆಯ ಪ್ರಶ್ನೆಗೆ ಅಪ್ಪ ಮಾತಾಡಲಿಲ್ಲ. ಎಡಗೈಯಲ್ಲಿ ಇಲ್ಲದ ಬಾಗಿಲನ್ನು ತುಸು ಮೇಲಕ್ಕೆತ್ತಿ ಬಲಗೈಯಲ್ಲಿ ತಳ್ಳಿ ತೋರಿಸಿದರು. ಆ ನಾಲ್ಕು ಸೆಕೆಂಡು ಹಿಂದಿನ 14 ಗಂಟೆಗಿಂತ ಭಾರವಾಗಿತ್ತು. "ಮನೆ ಎಂದರೇನು" ಎಂಬ ಪ್ರಶ್ನೆ ಚಿತ್ರ ಮಾಡುವವರು ತಮಗೆ ತಾವು ಕೇಳಿಕೊಳ್ಳಬೇಕಾದದ್ದು. ಕ್ಯಾಮೆರಾದ ಮುಂದೆ ಕೂತವರಿಗೆ ಕೇಳಬೇಕಾದದ್ದು ಬಾಗಿಲು, ಬೀಗ, ಸೋರುವ ಮೂಲೆ. ಕನ್ನಡದಲ್ಲಿ ಯೋಚಿಸುವವರಿಗೆ ಇಲ್ಲಿ ಒಂದು ಅನುಕೂಲವಿದೆ. ಮನೆ ಬೇರೆ, ಊರು ಬೇರೆ ಎಂಬುದು ನಮಗೆ ಮಾತಿನಲ್ಲೇ ಗೊತ್ತು. ಮನೆ ಇದ್ದೂ ಊರಿಲ್ಲದವರು ಇರಬಹುದು ಎಂದು ಬಿಡಿಸಿ ಹೇಳಬೇಕಾಗಿಲ್ಲ.

ಹಳೆಯ ಸಂದರ್ಶನದಿಂದ ಕೊನೆಗೆ ಚಿತ್ರದಲ್ಲಿ ಉಳಿದದ್ದು ಎರಡೂವರೆ ನಿಮಿಷ: ತಾರೀಖು ಒಪ್ಪಿಸುವ ಭಾಗವೇ, ಬಹುತೇಕ ಕತ್ತರಿಸದೆ. ಅಧಿಕಾರಿಯ ಮುಂದೆ ಮನುಷ್ಯ ಹೇಗೆ ಕೂರುತ್ತಾನೆ ಎಂಬುದಕ್ಕೆ ಅದಕ್ಕಿಂತ ಒಳ್ಳೆಯ ದಾಖಲೆ ಸಿಗುತ್ತಿರಲಿಲ್ಲ.

ಪ್ರಯಾಣ ನಿಂತ ಬಗೆ

ಟಿಕೆಟ್ ಆಗಿತ್ತು, ಹೊರಡಲು ಮೂರು ವಾರ ಉಳಿದಿತ್ತು. ವಿಮೆಯ ಅರ್ಜಿಯಲ್ಲಿ ಪ್ರಯಾಣಿಕರ ರಾಷ್ಟ್ರೀಯತೆ ತುಂಬುವಾಗ ವಿಷಯ ಹೊರಬಿತ್ತು: ಅಪ್ಪ ನೆಲೆಸಿದ ದೇಶದ ಪೌರರಾಗಿರಲೇ ಇಲ್ಲ. 31 ವರ್ಷವೂ ನಿರಾಶ್ರಿತರೆಂಬ ಸ್ಥಾನಮಾನದಲ್ಲೇ ಇದ್ದರು. ಇನ್ನೊಂದು ನೆಲಕ್ಕೆ ಪ್ರಮಾಣ ಮಾಡುವ ಮನಸ್ಸಾಗಿರಲಿಲ್ಲ, ಮಗಳೂ ಕೇಳಿರಲಿಲ್ಲ.

1951ರ ನಿರಾಶ್ರಿತರ ಒಡಂಬಡಿಕೆಯ 1ಸಿ ಪರಿಚ್ಛೇದವನ್ನು ಇಂಥ ಚಿತ್ರ ಮಾಡುವವರು ಮೊದಲ ದಿನವೇ ಓದಿರಬೇಕು. ನಿರಾಶ್ರಿತ ವ್ಯಕ್ತಿ ತಾನಾಗಿಯೇ ಮೂಲ ದೇಶದ ರಕ್ಷಣೆಯನ್ನು ಮತ್ತೆ ಪಡೆದರೆ, ಅಥವಾ ಬಿಟ್ಟುಬಂದ ದೇಶದಲ್ಲಿ ಮತ್ತೆ ನೆಲೆಸಿದರೆ, ಒಡಂಬಡಿಕೆ ಆ ವ್ಯಕ್ತಿಗೆ ಅನ್ವಯಿಸುವುದು ನಿಲ್ಲುತ್ತದೆ ಎಂದು ಅದು ಹೇಳುತ್ತದೆ. ಒಂದು ವಾರದ ಭೇಟಿ ನೆಲೆಸಿದಂತಲ್ಲ ಎಂದು ವಾದಿಸಬಹುದು. ಆದರೆ ಅಲ್ಲಿಗೆ ಹೋಗಲು ಮೂಲ ದೇಶದ ರಾಯಭಾರ ಕಚೇರಿಯಿಂದ ಪಾಸ್‌ಪೋರ್ಟ್ ಪಡೆದರೆ ಅದೇ ರಕ್ಷಣೆ ಪಡೆದದ್ದಕ್ಕೆ ಸಾಕ್ಷಿ ಎನ್ನಬಹುದು. ಒಡಂಬಡಿಕೆಯ 28ನೇ ಪರಿಚ್ಛೇದದಂತೆ ಕೊಡುವ ಪ್ರಯಾಣ ಪತ್ರದಲ್ಲಿ ಮೂಲ ದೇಶವೊಂದನ್ನು ಬಿಟ್ಟು ಉಳಿದೆಡೆಗೆ ಮಾನ್ಯ ಎಂದು ನಮೂದಿಸುವುದು ಸಾಮಾನ್ಯ. ಇದೆಲ್ಲದರ ಮೇಲೆ, ಸಾಕ್ಷ್ಯಚಿತ್ರ ಎಂದರೆ ಆ ಭೇಟಿಯ ಪುರಾವೆಯನ್ನು ತಾವೇ ತಯಾರಿಸಿ ಲೋಕಕ್ಕೆ ಹಂಚಿದಂತೆ. ಬಾಗಿಲು ತೆರೆಯುವ ಒಂದು ದೃಶ್ಯಕ್ಕಾಗಿ ಅಪ್ಪ ಈಗ ನಿಂತಿರುವ ನೆಲವನ್ನೂ ಕಳೆದುಕೊಳ್ಳಬಹುದಿತ್ತು.

ವಕೀಲರ ಬಳಿ ಹೋಗಿ ಬಂದ ಮಧ್ಯಾಹ್ನವೇ ಅಪ್ಪನ ಟಿಕೆಟ್ ರದ್ದಾಯಿತು. ಅದು ಸರಿಯಾದ ನಿರ್ಧಾರ. ಇಂಥ ಕಡೆ "ಏನೂ ಆಗಲಿಕ್ಕಿಲ್ಲ, ಹೋಗಿ ಬಂದುಬಿಡೋಣ" ಎನ್ನುವ ನಿರ್ಮಾಪಕರು ಇರುತ್ತಾರೆ. ಆದರೆ ಎಡವಟ್ಟಾದರೆ ತೆರಬೇಕಾದವರು ಅವರಲ್ಲ.

ಮಗಳ ಸ್ಥಿತಿ ಬೇರೆ. ಅವಳು ನೆಲೆಸಿದ ದೇಶದ ಪೌರತ್ವ ಪಡೆದಿದ್ದಳು. ಹಾಗಿದ್ದೂ ಮೂಲ ದೇಶ ಅವಳನ್ನು ತನ್ನ ಪ್ರಜೆ ಎಂದೇ ಎಣಿಸುತ್ತಿದ್ದರೆ ಅಲ್ಲಿ ತೊಂದರೆಯಾದಾಗ ಹೊಸ ದೇಶದ ರಾಯಭಾರಿಗಳು ಹೆಚ್ಚೇನೂ ಮಾಡಲಾರರು. 1930ರ ಹೇಗ್ ಒಡಂಬಡಿಕೆಯ 4ನೇ ಪರಿಚ್ಛೇದ ಹೇಳುವುದು ಇದನ್ನೇ: ಎರಡು ದೇಶಗಳ ರಾಷ್ಟ್ರೀಯತೆ ಇರುವವರ ಪರವಾಗಿ ಒಂದು ದೇಶ ಇನ್ನೊಂದರ ವಿರುದ್ಧ ರಾಜತಾಂತ್ರಿಕ ರಕ್ಷಣೆ ಒದಗಿಸುವಂತಿಲ್ಲ. ಮೂಲ ದೇಶದ ಕಾನೂನಿನಲ್ಲಿ ತನ್ನ ಪೌರತ್ವ ರದ್ದಾಗಿದೆ ಎಂಬ ಕಾಗದ ಕೈಗೆ ಬಂದ ಮೇಲೆಯೇ ಅವಳು ಹೊರಟದ್ದು. ಅದಕ್ಕೆ ಐದು ತಿಂಗಳು ಹಿಡಿಯಿತು. ಚಿತ್ರವನ್ನು ಉಳಿಸಿದ್ದು ಈ ಐದು ತಿಂಗಳೇ.

ರೀಲುಗಳು ಸುಳ್ಳು ಹೇಳಿದಾಗ

ಕಾಯುವ ಹೊತ್ತಿನಲ್ಲಿ ಸೂಪರ್ 8 ರೀಲುಗಳನ್ನು ಸ್ಕ್ಯಾನಿಂಗ್‌ಗೆ ಕೊಟ್ಟರು. ಎರಡು ಡಬ್ಬಿ ತೆರೆದರೆ ವಿನೆಗರ್ ವಾಸನೆ. ಅಸಿಟೇಟ್ ಫಿಲ್ಮು ಕೊಳೆಯತೊಡಗಿದರೆ ಅಸಿಟಿಕ್ ಆಮ್ಲ ಹೊರಬೀಳುತ್ತದೆ. ಆ ಆಮ್ಲವೇ ಕೊಳೆಯುವಿಕೆಯನ್ನು ಇನ್ನಷ್ಟು ಜೋರು ಮಾಡುತ್ತದೆ, ಫಿಲ್ಮು ಕುಗ್ಗಿ ಬಿಲ್ಲಿನಂತೆ ಬಾಗುತ್ತದೆ. ವಾಸನೆ ಬಂದವನ್ನು ಕೂಡಲೇ ಉಳಿದವುಗಳಿಂದ ಬೇರೆ ಇಡಬೇಕು, ಮೊದಲ ಸರದಿ ಅವಕ್ಕೇ ಕೊಡಬೇಕು, ಹಳೆಯ ಪ್ರೊಜೆಕ್ಟರಿಗೆ ಮಾತ್ರ ಹಾಕಬಾರದು. ಕುಗ್ಗಿದ ಫಿಲ್ಮಿನ ತೂತುಗಳು ಹಲ್ಲಿಗೆ ಕೂರದೆ ಹರಿಯುತ್ತವೆ.

ಬಂದ ಫೈಲುಗಳಲ್ಲಿ ಎಲ್ಲರೂ ಚುರುಕು. ಅಪ್ಪ ಮೆಟ್ಟಿಲು ಹಾರಿ ಹಾರಿ ಇಳಿಯುತ್ತಾರೆ, ಅಜ್ಜಿ ಲವಲವಿಕೆಯಿಂದ ಅಂಗಳ ಗುಡಿಸುತ್ತಾರೆ. ಆ ಕಾಲ ಎಷ್ಟು ಉಲ್ಲಾಸದ್ದು ಎಂದು ನಿರ್ದೇಶಕಿ ಒಂದು ಪುಟ ನಿರೂಪಣೆಯನ್ನೇ ಬರೆದುಬಿಟ್ಟಳು. ನೋಡಿದರೆ ತಪ್ಪು ವೇಗದ್ದು. ಸೂಪರ್ 8 ಕಾರ್ಟ್ರಿಜ್ಜಿನಲ್ಲಿ 50 ಅಡಿ ಫಿಲ್ಮು, 3600 ಫ್ರೇಮು. ಮನೆಯ ಕ್ಯಾಮೆರಾಗಳು ಸಾಮಾನ್ಯವಾಗಿ ಸೆಕೆಂಡಿಗೆ 18 ಫ್ರೇಮು ಹಿಡಿಯುತ್ತಿದ್ದವು, ಅಂದರೆ ಒಂದು ರೀಲು 3 ನಿಮಿಷ 20 ಸೆಕೆಂಡು. ಫೈಲನ್ನು 25 ಫ್ರೇಮಿಗೆ ಓಡಿಸಿದ್ದರಿಂದ ಅದು 2 ನಿಮಿಷ 24 ಸೆಕೆಂಡಿಗೆ ಇಳಿದಿತ್ತು. ಒಂಬತ್ತು ರೀಲು ಸೇರಿ 30 ನಿಮಿಷ ಇರಬೇಕಾದದ್ದು 21 ನಿಮಿಷ 36 ಸೆಕೆಂಡು. ಲ್ಯಾಬಿನಿಂದ ಫೈಲು ಬಂದಾಗ ಮೊದಲು ಮಾಡಬೇಕಾದದ್ದು ಈ ಭಾಗಾಕಾರ.

18ಕ್ಕೆ ಇಳಿಸಿದ ಮೇಲೆ ಅಪ್ಪ ನಿಧಾನಕ್ಕೆ, ಕಟಕಟೆ ಹಿಡಿದು ಮೆಟ್ಟಿಲಿಳಿದರು. ಅಜ್ಜಿಗೆ ಸೊಂಟ ನೋವಿತ್ತು ಎಂಬುದು ಕಣ್ಣಿಗೇ ಕಾಣುತ್ತಿತ್ತು. ನಿರೂಪಣೆಯ ಪುಟ ಹರಿದುಹೋಯಿತು. 18ನ್ನು 25ರ ಟೈಮ್‌ಲೈನಿಗೆ ಹೊಂದಿಸುವಾಗ ಕೆಲವು ಫ್ರೇಮುಗಳನ್ನು ಎರಡು ಸಲ ತೋರಿಸಿದರೆ ಸಾಕು. ಸಾಫ್ಟ್‌ವೇರ್ ನಡುವಿನ ಫ್ರೇಮುಗಳನ್ನು ತಾನೇ ಸೃಷ್ಟಿಸಲು ಬಿಟ್ಟರೆ ಮುಖಗಳು ಮೇಣದಂತೆ ಕರಗುತ್ತವೆ, ಮತ್ತು ಆ ಫ್ರೇಮು ಯಾವತ್ತೂ ನಡೆದದ್ದೇ ಅಲ್ಲ.

ನೆಲದ ಮೇಲಿನ ಮನೆ

ಅಪ್ಪ ಮನೆಗೆ ಹೋಗುವಂತಿಲ್ಲ ಎಂದಾದ ಮೇಲೆ ಉಳಿದ ದಾರಿ ಮನೆಯನ್ನೇ ಅವರ ಬಳಿ ತರುವುದು. ಅತ್ತೆಯೂ ಬಂದರು. ಅಣ್ಣತಂಗಿಯರಿಗಾಗಲಿ ಅಕ್ಕತಮ್ಮಂದಿರಿಗಾಗಲಿ ಬಿಟ್ಟ ಮನೆಯ ನಕ್ಷೆ ಬರೆಯಿರಿ ಎಂದರೆ ಒಬ್ಬರದನ್ನು ನೋಡಿ ಇನ್ನೊಬ್ಬರು ತಿದ್ದಿಕೊಳ್ಳುತ್ತಾರೆ. ಆದ್ದರಿಂದ ಇಬ್ಬರಿಗೂ ಒಂದೇ ಬೆಳಿಗ್ಗೆ, ಬೇರೆ ಬೇರೆ ಕೋಣೆಯಲ್ಲಿ, ಗ್ರಾಫ್ ಕಾಗದ ಕೊಟ್ಟರು. ಅಳತೆ 1:50, ಅಂದರೆ ಕಾಗದದ 2 ಸೆಂಟಿಮೀಟರಿಗೆ ನೆಲದ 1 ಮೀಟರ್. ರಬ್ಬರ್ ಕೊಡಲಿಲ್ಲ, ಪೆನ್ನು ಮಾತ್ರ. ತಪ್ಪಿದ ಗೆರೆ ಉಳಿಯಬೇಕು, ಯಾವುದನ್ನು ಮೊದಲು ಬರೆದರು ಎಂಬುದೂ ಗೊತ್ತಾಗಬೇಕು. ಅಪ್ಪ ಹೊರಗೋಡೆಯಿಂದ ಶುರುಮಾಡಿದರು. ಅತ್ತೆ ಒಲೆಯಿಂದ.

ಎರಡು ನಕ್ಷೆ ಕೂಡಲಿಲ್ಲ. ನಡುಮನೆ ಅಪ್ಪನ ಲೆಕ್ಕದಲ್ಲಿ 4.5 ಮೀಟರ್ ಉದ್ದ, ಅತ್ತೆಯ ಲೆಕ್ಕದಲ್ಲಿ 3.6. ತೀರ್ಪು ಕೊಟ್ಟದ್ದು ಎರಡನೇ ರೀಲು. ಮಗು ಅಂಬೆಗಾಲಿಡುವ ದೃಶ್ಯದಲ್ಲಿ ನೆಲದ ಸಿಮೆಂಟ್ ಟೈಲುಗಳು ಗೋಡೆಯಿಂದ ಗೋಡೆಗೆ ಕಾಣುತ್ತವೆ: ಎಣಿಸಿದರೆ 18. ಟೈಲು 20 ಸೆಂಟಿಮೀಟರಿನದು ಎಂದು ಹಾಕಿಸಿದ ಅತ್ತೆಗೆ ನೆನಪಿತ್ತು. 3.6 ಮೀಟರೇ. ಅಡುಗೆಮನೆ ಬಾಗಿಲನ್ನು ಮಾತ್ರ ಇಬ್ಬರೂ ಒಂದೇ ಅಗಲಕ್ಕೆ ಬರೆದಿದ್ದರು, 80 ಸೆಂಟಿಮೀಟರ್.

ಒಂದು ಆಟದ ಸಭಾಂಗಣದ ನೆಲದಲ್ಲಿ ಮನೆಯನ್ನು ಪೂರ್ತಿ ಅಳತೆಯಲ್ಲಿ ಎಳೆದರು. ಹೊರ ಅಳತೆ 9.2 ಮೀಟರ್ ಉದ್ದ, 5.6 ಮೀಟರ್ ಅಗಲ. ಇಂಥದಕ್ಕೆ 5 ಸೆಂಟಿಮೀಟರ್ ಅಗಲದ ಬಟ್ಟೆಯ ಟೇಪು ಬೇಕು. ಪ್ಯಾಕಿಂಗ್ ಪ್ಲಾಸ್ಟಿಕ್ ಟೇಪು ದೀಪಕ್ಕೆ ಹೊಳೆಯುತ್ತದೆ, ಕಾಲಿಗೆ ಜಾರುತ್ತದೆ, ಕೀಳುವಾಗ ಅಂಟು ಬಿಡುತ್ತದೆ. ಆಟದಂಕಣದ ಬಣ್ಣದ ಗೆರೆಗಳು ಗೋಡೆಯ ಗೆರೆಗಳ ಜೊತೆ ಕಲಸಿಹೋದವು; ನೆಲಕ್ಕೆಲ್ಲ ಕಂದು ಕಾಗದ ಹಾಸಿ ಅದರ ಮೇಲೆ ಬಿಳಿ ಟೇಪು ಹಾಕಬೇಕಾಯಿತು. ಆದರೆ ಕಾಗದ ಹೆಜ್ಜೆ ಹೆಜ್ಜೆಗೂ ಸದ್ದು ಮಾಡಿತು. ಕೊನೆಗೆ ತೆಳು ಕಾರ್ಪೆಟ್ ತಂದರು. ಈ ಒದ್ದಾಟಕ್ಕೆ ಒಂದು ದಿನ ಹೋಯಿತು. ಮೊದಲೇ ಜಾಗ ನೋಡಿಬಂದಿದ್ದರೆ ಆ ದಿನ ಉಳಿಯುತ್ತಿತ್ತು.

ಮೇಲಿನಿಂದ ಇಡೀ ಮನೆ ಕಾಣುವ ಕ್ಯಾಮೆರಾ ಒಂದು ಬೇಕು. ಚಾವಣಿಯ ಕಬ್ಬಿಣದ ತೊಲೆ 6 ಮೀಟರ್ ಎತ್ತರದಲ್ಲಿತ್ತು. ಕ್ಯಾಮೆರಾದೊಳಗೆ ಬೆಳಕು ಹಿಡಿಯುವ ಫುಲ್ ಫ್ರೇಮ್ ಸೆನ್ಸರಿನ ಅಗಲ 36 ಮಿಲಿಮೀಟರ್. 24 ಎಂಎಂ ಲೆನ್ಸು ಹಾಕಿದರೆ 6 ಮೀಟರಿಗೆ 9 ಮೀಟರ್ ಅಗಲ, 16:9ರ ಚೌಕಟ್ಟಿನಲ್ಲಿ 5.06 ಮೀಟರ್ ಆಳ ಮಾತ್ರ ಸಿಗುತ್ತದೆ. ಎರಡು ಬದಿಗೂ ಗೋಡೆ ಕತ್ತರಿಸಿಹೋಗುತ್ತದೆ. 20 ಎಂಎಂ ಹಾಕಿದಾಗ 10.8ಕ್ಕೆ 6.08 ಸಿಕ್ಕಿತು. ತಲೆಯ ಮೇಲೆ ತೂಗುವ ಕ್ಯಾಮೆರಾಕ್ಕೆ ಕ್ಲಾಂಪಿನ ಜೊತೆಗೆ ಉಕ್ಕಿನ ತಂತಿಯ ಇನ್ನೊಂದು ಕಟ್ಟು ಇರಲೇಬೇಕು. ಎರಡನೆಯ ಕ್ಯಾಮೆರಾ ಕೈಯಲ್ಲಿ, 35 ಎಂಎಂ, ಕಣ್ಣಿನ ಮಟ್ಟಕ್ಕೆ. ಅದನ್ನು ಹಿಡಿದವರಿಗೆ ಒಂದು ಕಟ್ಟುನಿಟ್ಟಿನ ಸೂಚನೆ: ನೀವೂ ಬಾಗಿಲಿನಿಂದಲೇ ಬರಬೇಕು, ಗೋಡೆ ದಾಟಬಾರದು. ಕ್ಯಾಮೆರಾದವರು ಗೆರೆ ತುಳಿದ ಕ್ಷಣ ಮನೆ ಮತ್ತೆ ಟೇಪಾಗಿಬಿಡುತ್ತದೆ.

ಸಭಾಂಗಣದ ದೀಪಗಳು ಕರೆಂಟಿನ ಮಿಡಿತಕ್ಕೆ ಮಿಣುಕುತ್ತವೆ. 50 ಹರ್ಟ್ಸ್ ಕರೆಂಟಿದ್ದ ಕಡೆ 25 ಫ್ರೇಮಿಗೆ 1/50 ಶಟರ್ ಇಟ್ಟರೆ ಪಟ್ಟೆ ಬೀಳುವುದಿಲ್ಲ. 60 ಹರ್ಟ್ಸ್ ಇದ್ದ ಕಡೆ ಅದೇ 25 ಫ್ರೇಮಿಗೆ 1/60. ಅತ್ತೆಯ ಮನೆಯಲ್ಲಿ ಹಿಂದೆ ಹಿಡಿದ ಒಂದು ಸಂಜೆ ಇದನ್ನು ಗಮನಿಸದೆ ಹಾಳಾಗಿತ್ತು. ಹವಾನಿಯಂತ್ರಣ ನಿಲ್ಲಿಸಿದರು, ಚೌಕಟ್ಟಿನ ಆಚೆ ಸುತ್ತಲೂ ದಪ್ಪ ಕಂಬಳಿ ತೂಗುಹಾಕಿ ಪ್ರತಿಧ್ವನಿ ತಗ್ಗಿಸಿದರು, ಖಾಲಿ ಸಭಾಂಗಣದ ಮೌನವನ್ನು ಒಂದು ನಿಮಿಷ ಬೇರೆಯೇ ದಾಖಲಿಸಿದರು. ಆ ಒಂದು ನಿಮಿಷ ಇಲ್ಲದಿದ್ದರೆ ಎಡಿಟಿಂಗಿನಲ್ಲಿ ಮಾತುಗಳ ನಡುವೆ ಗುಂಡಿಗಳು ಬೀಳುತ್ತವೆ.

ಅಪ್ಪನಿಗೆ ಏನು ಮಾಡಲಿದ್ದೇವೆ ಎಂದು ಹಿಂದಿನ ದಿನವೇ ಹೇಳಿದ್ದರು. ಅಚ್ಚರಿ ಪಡಿಸಿ ಕಣ್ಣೀರು ಹಿಡಿಯುವುದು ಈ ವಿಷಯದಲ್ಲಿ ತೀರಾ ಅನ್ಯಾಯದ ಕೆಲಸ. ಸಾಕು ಅನ್ನಿಸಿದರೆ ಕನ್ನಡಕ ತೆಗೆದು ಜೇಬಿಗೆ ಹಾಕುವುದು ಎಂದು ಸಂಕೇತ ಗೊತ್ತುಮಾಡಿಕೊಂಡರು. ತೆಗೆದ ಕೂಡಲೇ ಎರಡೂ ಕ್ಯಾಮೆರಾ ಬಂದ್. ಪಕ್ಕದಲ್ಲಿ ಕ್ಯಾಮೆರಾ ಇಲ್ಲದ ಒಂದು ಕೋಣೆ, ಅಲ್ಲಿ ಅಪ್ಪನ ಹಳೆಯ ಗೆಳೆಯರೊಬ್ಬರು. ಹೀಗೆ ಹೇಳಿದ್ದರಿಂದ ದೃಶ್ಯ ಸಪ್ಪೆಯಾದೀತು ಎಂಬ ಭಯವಿತ್ತು. ಆಗಲಿಲ್ಲ.

ಅಪ್ಪ ಸುತ್ತು ಬಳಸಿ ಮುಂಬಾಗಿಲಿನ ತೆರವಿಗೇ ಬಂದರು. ಚಪ್ಪಲಿ ಬಿಟ್ಟರು. ನಡುಮನೆ ದಾಟಿ ಅಡುಗೆಮನೆಯ ತೆರವಿನಲ್ಲಿ ಎಡ ಹೆಗಲನ್ನು ಮುಂದಕ್ಕೆ ಹಾಕಿ ಓರೆಯಾಗಿ ನುಸುಳಿದರು. ಎದುರಿಗೆ 80 ಸೆಂಟಿಮೀಟರ್ ತೆರವಿದೆ, ಗೋಡೆಯೂ ಇಲ್ಲ.

ಅತ್ತೆ ಒಲೆಯ ಜಾಗದಲ್ಲಿ ನಿಂತು, "ಅಲ್ಲಿ ಯಾಕೋ ನಿಂತೆ, ಅಲ್ಲಿ ಕಪಾಟಿದೆ" ಎಂದರು.

"ಅಕ್ಕಾ, ಕಪಾಟು ಈ ಗೋಡೆಗೆ."

"ಅದು ಅಮ್ಮ ಹೋದಮೇಲೆ ಸರಿಸಿದ್ದು. ಆಗ ನೀನಿರಲಿಲ್ಲ."

ಅಪ್ಪ ಉತ್ತರ ಕೊಡದೆ ಕಪಾಟಿನ ಜಾಗದಿಂದ ಎರಡು ಹೆಜ್ಜೆ ಹಿಂದೆ ಸರಿದರು. ಅವರ ಮನೆ ಅವರು ಹೊರಟ ದಿನಕ್ಕೆ ನಿಂತುಹೋಗಿತ್ತು. ಅಕ್ಕನ ಮನೆ ಇನ್ನೂ ಎರಡು ವರ್ಷ ನಡೆದಿತ್ತು. ಇಡೀ ಚಿತ್ರದ ಬೆನ್ನೆಲುಬು ಇದೇ ಎಂದು ಎಡಿಟರ್ ಮೊದಲ ನೋಟಕ್ಕೇ ಗುರುತಿಸಿದರು. ಒಟ್ಟು 1 ಗಂಟೆ 50 ನಿಮಿಷ ಚಿತ್ರೀಕರಣ ನಡೆಯಿತು. ಯಾವುದನ್ನೂ ಎರಡನೇ ಸಲ ಮಾಡಿಸಲಿಲ್ಲ.

ಈಗ ಅಲ್ಲಿ ಇರುವವರು

ಮಗಳು ಒಬ್ಬ ಸಹಾಯಕರ ಜೊತೆ ಮೂಲ ದೇಶಕ್ಕೆ ಹೋದಳು. ಸಲಕರಣೆಗೆ ಎಟಿಎ ಕಾರ್ನೆಟ್, ಅಂದರೆ ಸುಂಕ ಕಟ್ಟದೆ ತಾತ್ಕಾಲಿಕವಾಗಿ ಒಯ್ದು ತರಲು ಬಿಡುವ ಪತ್ರ. ಪ್ರತಿ ವಸ್ತುವಿನ ಸೀರಿಯಲ್ ಸಂಖ್ಯೆ ಅದರಲ್ಲಿರಬೇಕು, ಒಂದು ವರ್ಷ ಮಾನ್ಯ, ಆದರೆ ಆ ವ್ಯವಸ್ಥೆಗೆ ಸೇರಿದ ದೇಶಗಳಲ್ಲಿ ಮಾತ್ರ. ಲಿಥಿಯಂ ಬ್ಯಾಟರಿ ಕೈಚೀಲದಲ್ಲಿ. 100ರಿಂದ 160 ವಾಟ್ ಅವರ್‌ವರೆಗಿನದಕ್ಕೆ ವಿಮಾನ ಸಂಸ್ಥೆಯ ಒಪ್ಪಿಗೆ ಬೇಕು.

ಮೊದಲ ಭೇಟಿಗೆ ಕ್ಯಾಮೆರಾ ಒಯ್ಯಲಿಲ್ಲ. ಬಾಗಿಲು ತೆರೆದವರು ಒಬ್ಬ ಹೆಂಗಸು, ಆ ಮನೆಗೆ ಬಂದು 26 ವರ್ಷವಾಗಿತ್ತು. ಅವರೂ ಬೇರೆ ಕಡೆಯಿಂದ ಕಿತ್ತು ಬಂದವರು. ಬಿಟ್ಟ ಮನೆಗಳಿಗೆ ಇನ್ನೊಂದು ಕಡೆಯಿಂದ ನೆಲೆ ತಪ್ಪಿದವರು ಬಂದು ಸೇರುವುದು ಚರಿತ್ರೆಯಲ್ಲಿ ಹೊಸತಲ್ಲ: 1947ರ ದೇಶವಿಭಜನೆಯಲ್ಲಿ, 1974ರ ನಂತರದ ಸೈಪ್ರಸ್‌ನಲ್ಲಿ ಇದೇ ಆಯಿತು. ಬೋಸ್ನಿಯಾದಲ್ಲಂತೂ ಯುದ್ಧ ಮುಗಿಸಿದ 1995ರ ಡೇಟನ್ ಒಪ್ಪಂದದ 7ನೇ ಅನುಬಂಧ ನಿರಾಶ್ರಿತರಿಗೆ ತಮ್ಮ ಆಸ್ತಿ ಹಿಂದೆ ಪಡೆಯುವ ಹಕ್ಕನ್ನೇ ಬರೆದುಕೊಟ್ಟಿತು. ಹಾಗಾಗಿ "ಇದು ನಮ್ಮ ಹಳೆಯ ಮನೆ" ಎಂದು ಬಂದವರನ್ನು ಕಂಡರೆ ಒಳಗಿರುವವರ ಎದೆ ನಡುಗುವುದು ಸಹಜ.

ಅವರ ಮೊದಲ ಪ್ರಶ್ನೆ: "ನೀವು ಕೇಸು ಹಾಕೋದಕ್ಕೆ ಬಂದಿರಾ?" ಇಲ್ಲ ಎಂದು ಒಂದು ಕಾಗದದಲ್ಲಿ ಬರೆದು ಸಹಿ ಹಾಕಿಬಿಡೋಣ ಎಂದು ಮಗಳಿಗೆ ಅನ್ನಿಸಿತು. ವಕೀಲರು ತಡೆದರು. ಅಪ್ಪನ ಪರವಾಗಿ ಸಹಿ ಹಾಕಲು ಅವಳಿಗೆ ಅಧಿಕಾರವಿಲ್ಲ, ಮತ್ತು ಅಂಥ ಕಾಗದ ಎಲ್ಲ ವಾರಸುದಾರರ ಹಕ್ಕನ್ನು ಬಿಟ್ಟುಕೊಟ್ಟಂತೆ ಆಗಬಹುದು. ಬದಲಿಗೆ ಚಿತ್ರದ ಕುರಿತಷ್ಟೇ ಒಪ್ಪಂದ ಬರೆದರು: ಬೀದಿ, ಮನೆ ಸಂಖ್ಯೆ, ನೆರೆಮನೆ ಕಾಣಿಸುವುದಿಲ್ಲ, ಮುಖ, ದನಿ ಬಳಸುವುದಿಲ್ಲ, ಅಡುಗೆಮನೆ ಒಂದನ್ನೇ ಚಿತ್ರೀಕರಿಸುವುದು, ಅಂತಿಮ ಆವೃತ್ತಿ ಅವರು ನೋಡುವ ಮೊದಲು ಹೊರಗೆ ಹೋಗುವುದಿಲ್ಲ, ಆ ಭಾಗ ಬೇಡವೆನ್ನಲು ಅವರಿಗೆ 30 ದಿನ. ಅವರ ಭಾಷೆಯಲ್ಲೇ, ಒಂದೂವರೆ ಪುಟ. ಗಟ್ಟಿಯಾಗಿ ಓದಿ ಹೇಳಿದರು.

ಗುರುತು ಮರೆಸುವುದರಲ್ಲಿ ತಂಡ ಎರಡು ಕಡೆ ಎಡವಿತು. ಮುಖವನ್ನು ಮಸುಕು ಮಾಡಿದರೆ ಸಾಕೆಂದುಕೊಂಡದ್ದು ಮೊದಲನೆಯದು. ನಡಿಗೆ, ಬಳೆ, ಕಿಟಕಿ ಗಾಜಿನ ಪ್ರತಿಬಿಂಬ ಎಲ್ಲವೂ ನೆರೆಯವರಿಗೆ ಗುರುತು. ಇದಕ್ಕೆ ಬೇರೆ ಸಾಕ್ಷ್ಯಚಿತ್ರಗಳವರು ಬೇರೆ ದಾರಿ ಹಿಡಿದಿದ್ದಾರೆ: 2020ರ 'ವೆಲ್‌ಕಮ್ ಟು ಚೆಚ್ನಿಯಾ'ದಲ್ಲಿ ಕಂಪ್ಯೂಟರಿನಿಂದ ಮುಖಗಳನ್ನೇ ಬದಲಿಸಿದರು, 2021ರ 'ಫ್ಲೀ' ಬಹುಪಾಲು ಆನಿಮೇಷನ್ ಆಗಿ ಬಂತು. ಇವೆರಡೂ ದುಬಾರಿ. ಇಲ್ಲಿ ಸೋವಿಯ ದಾರಿ ಹಿಡಿದರು: ಆಕೆಯ ಕೈ ಮಾತ್ರ, ಅದೂ ಬಳೆ ತೆಗೆದು. ಎರಡನೆಯ ಎಡವಟ್ಟು ಇನ್ನೂ ಅಪಾಯದ್ದು. ಡಬ್ಬಿಯ ಕಾಗದ ವಿಂಗಡಿಸುವ ದೃಶ್ಯದಲ್ಲಿ ಮನೆಯ ಕ್ರಯಪತ್ರದ ಸಂಖ್ಯೆ ಎರಡು ಸೆಕೆಂಡು ಸ್ಪಷ್ಟವಾಗಿ ಓದುವಂತಿತ್ತು. ಬಣ್ಣ ಹೊಂದಿಸುವ ಹಂತದವರೆಗೂ ಯಾರ ಕಣ್ಣಿಗೂ ಬೀಳಲಿಲ್ಲ. ಕಾಗದ ಕಾಣುವ ಪ್ರತಿ ಶಾಟನ್ನು ನಿಲ್ಲಿಸಿ, ದೊಡ್ಡದು ಮಾಡಿ ನೋಡುವುದಕ್ಕೆ ಒಬ್ಬರನ್ನು ನೇಮಿಸಬೇಕು. ಫೋನಿನಲ್ಲಿ ತೆಗೆದ ವಿಡಿಯೊಗಳ ಒಳಗಿನ ಸ್ಥಳದ ಮಾಹಿತಿಯನ್ನೂ ಅಳಿಸಬೇಕು.

ಅಡುಗೆಮನೆಯ ಚಿತ್ರೀಕರಣ 40 ನಿಮಿಷ. ಕೊನೆಯಲ್ಲಿ ಅಳತೆ ಟೇಪು ಕೊಟ್ಟು ಬಾಗಿಲನ್ನು ಅಳೆದು ತೋರಿಸುತ್ತೀರಾ ಎಂದು ಕೇಳಿದರು. ಆಕೆ ಒಂದು ತುದಿಯನ್ನು ಹೆಬ್ಬೆರಳಲ್ಲಿ ಒತ್ತಿ ಹಿಡಿದು ಎಳೆದರು. 62 ಸೆಂಟಿಮೀಟರ್. ಬಾಗಿಲು ಚೌಕಟ್ಟು ಮೊದಲಿನದೇ, ತಾವು ಮುಟ್ಟಿಲ್ಲ ಎಂದರು. ತಲೆ 80 ಎಂದು ಬರೆದಿತ್ತು, ಹೆಗಲು 62 ಎಂದು ತಿರುಗಿತ್ತು.

ಎಡಿಟಿಂಗ್ ಮೇಜಿನಲ್ಲಿ

ಒಟ್ಟು ಫುಟೇಜು 96 ಗಂಟೆ. ಸೆಕೆಂಡಿಗೆ 100 ಮೆಗಾಬಿಟ್ ಲೆಕ್ಕದಲ್ಲಿ ಗಂಟೆಗೆ 45 ಜಿಬಿ, ಎಲ್ಲ ಸೇರಿ 4.3 ಟಿಬಿ, ಮೂರು ಪ್ರತಿ ಇಟ್ಟರೆ 13. ಮೂರರಲ್ಲಿ ಒಂದು ಬೇರೆ ಕಟ್ಟಡದಲ್ಲಿರಬೇಕು. ಕ್ಯಾಮೆರಾದ ಮೆಮೊರಿ ಕಾರ್ಡಿನಿಂದ ಮೌಸಿನಲ್ಲಿ ಎಳೆದು ಬಿಟ್ಟು ನಕಲು ಮಾಡಿದ್ದರಿಂದ ಅತ್ತೆಯ ಫುಟೇಜಿನ 11 ನಿಮಿಷ ಹಾಳಾಗಿತ್ತು. ಚೆಕ್‌ಸಮ್ (ನಕಲು ಮೂಲದಂತೆಯೇ ಇದೆಯೇ ಎಂದು ತಿಳಿಸುವ ಅಂಕಿ) ತಾಳೆ ನೋಡುವ ಸಾಫ್ಟ್‌ವೇರ್ ಬಳಸಿದ್ದರೆ ಕಾರ್ಡು ಅಳಿಸುವ ಮೊದಲೇ ತಿಳಿಯುತ್ತಿತ್ತು.

ಮೊದಲ ರಫ್ ಕಟ್, ಅಂದರೆ ಕಚ್ಚಾ ಜೋಡಣೆ, 2 ಗಂಟೆ 40 ನಿಮಿಷ. ಭೂಪಟದಿಂದ ಆರಂಭ, ಆಮೇಲೆ "ನಾನು ಯಾರು" ಎಂದು ನಿರ್ದೇಶಕಿಯ ಹಿನ್ನೆಲೆ ದನಿ, ಒಟ್ಟು 3,100 ಪದ. ಆರು ಜನರಿಗೆ ತೋರಿಸಿದರು. ಹೇಗಿದೆ ಎಂದು ಕೇಳಲಿಲ್ಲ. ಅದಕ್ಕೆ ಎಲ್ಲರೂ ಚೆನ್ನಾಗಿದೆ ಎನ್ನುತ್ತಾರೆ. ಮನೆಯ ನಕ್ಷೆ ಬರೆಯಿರಿ ಎಂದು ಕಾಗದ ಕೊಟ್ಟರು. ಯಾರಿಗೂ ಬರೆಯಲಾಗಲಿಲ್ಲ. ಮನೆಯ ಬಗ್ಗೆ ಎರಡೂವರೆ ಗಂಟೆ ಕೇಳಿದವರಿಗೆ ಅಡುಗೆಮನೆ ಯಾವ ಕಡೆಗಿದೆ ಎಂದು ಗೊತ್ತಿಲ್ಲವಾದರೆ ಮನೆಯ ಒಳಗೆ ಅವರನ್ನು ಬಿಟ್ಟುಕೊಂಡೇ ಇಲ್ಲ ಎಂದರ್ಥ.

ಆಮೇಲೆ ಟೇಪಿನ ಮನೆ ಚಿತ್ರದ ಉದ್ದಕ್ಕೂ ಹರಡಿತು. ಅಪ್ಪ ಕೋಣೆ ಕೋಣೆಗೆ ಹೋದಂತೆ ಆ ಕೋಣೆಯ ರೀಲು, ಆ ಕೋಣೆಯ ಕಾಗದ. ಹಿನ್ನೆಲೆ ದನಿ 420 ಪದಕ್ಕೆ ಇಳಿಯಿತು. ಉಳಿದದ್ದು ಮಗಳಿಗೆ ಮಾತ್ರ ಗೊತ್ತಿರುವ ಸಂಗತಿಗಳು: ತನಗೆ ಆ ಮನೆಯ ನೆನಪೇ ಇಲ್ಲ, ಇರುವುದೆಲ್ಲ ರೀಲಿನ ನೆನಪು ಎಂಬ ಒಪ್ಪಿಗೆ. ಅಂತಿಮ ಉದ್ದ 78 ನಿಮಿಷ, ಅಂದರೆ ಬಳಸಿದ ಒಂದು ನಿಮಿಷಕ್ಕೆ ಹಿಡಿದದ್ದು 74 ನಿಮಿಷ.

ಸಬ್‌ಟೈಟಲ್ ಕೆಲಸವನ್ನು ಎರಡು ಸಲ ಮಾಡಬೇಕಾಯಿತು. ಮೊದಲ ಅನುವಾದಕರು ಅಪ್ಪನ ಊರಿನ ಆಡುಮಾತನ್ನು ಪುಸ್ತಕದ ಭಾಷೆಗೆ ತಿದ್ದಿದ್ದರು. ಕೆಟ್ಟ ಅನುವಾದವೇನಲ್ಲ, ಆದರೆ ಆ ಮನುಷ್ಯನ ಊರೇ ಅಳಿಸಿಹೋಗಿತ್ತು. ಅದೇ ಸೀಮೆಯ ಮಾತು ಬಲ್ಲ ಇನ್ನೊಬ್ಬರಿಂದ ಮತ್ತೆ ಮಾಡಿಸಿದರು. ಅಪ್ಪ ಮಾತಿನ ನಡುವೆ ನೆಲೆಸಿದ ದೇಶದ ಭಾಷೆಗೆ ಜಾರುವುದು ಅರ್ಜಿ, ಕಡತ, ಮುದ್ರೆ ಎಂಬ ಮಾತು ಬಂದಾಗ ಮಾತ್ರ; ಆ ಪದಗಳನ್ನು ಓರೆ ಅಕ್ಷರದಲ್ಲಿ ಕೊಟ್ಟರು.

ಎಡಿಟಿಂಗ್ ಅಂತಿಮಗೊಳಿಸುವ ಮೊದಲು ಅಪ್ಪನಿಗೆ ಮನೆಯಲ್ಲೇ, ಬೇರೆ ಯಾರೂ ಇಲ್ಲದಾಗ ತೋರಿಸಿದರು. ಚಿತ್ರೀಕರಣದ ದಿನ ಕೊಟ್ಟ ಸಹಿ ಎಡಿಟ್ ಆದ ಚಿತ್ರಕ್ಕೂ ಒಪ್ಪಿಗೆ ಎಂದು ಭಾವಿಸಬಾರದು. ಜೋಡಣೆಯಲ್ಲಿ ಅರ್ಥ ಬದಲಾಗಿರುತ್ತದೆ. ಅಪ್ಪ ಎರಡು ಕಡೆ ಬೇಡವೆಂದರು: ಕಡತ ಸಂಖ್ಯೆ ಹೇಳುವ 6 ಸೆಕೆಂಡು, ಗಡಿ ದಾಟಿಸಿದವರ ಪ್ರಸ್ತಾಪದ 34 ಸೆಕೆಂಡು. ಎರಡನ್ನೂ ತೆಗೆದರು. ಬಾಗಿಲಿನ ಅಳತೆ ಬಂದಾಗ ನಿಲ್ಲಿಸಿ ಮತ್ತೆ ಹಾಕು ಎಂದರು, ಮೂರು ಸಲ.

ಮನೆಯಲ್ಲಿ ಈಗ ಇರುವ ಹೆಂಗಸು 30 ದಿನದ ಗಡುವಿನಲ್ಲಿ 19ನೇ ದಿನ ಒಪ್ಪಿಗೆ ತಿಳಿಸಿದರು. ಜೊತೆಗೆ ಒಂದು ಕೋರಿಕೆ ಇಟ್ಟರು: ಅಡುಗೆಮನೆ ಕಿಟಕಿ ಹಿಂದೆ ಹೇಗಿತ್ತು ಎಂದು ನೋಡಬೇಕು. ಆರನೇ ರೀಲಿನಲ್ಲಿ ಅದು 11 ಸೆಕೆಂಡು ಕಾಣುತ್ತದೆ, 198 ಫ್ರೇಮು. ಅಜ್ಜಿ ಅದರ ಹಲಗೆಯ ಮೇಲೆ ಏನನ್ನೋ ಒಣಗಲು ಇಡುತ್ತಿದ್ದಾರೆ. ಸ್ಥಳದ ಮಾಹಿತಿ, ರೀಲಿನ ಹೆಸರು ಎಲ್ಲ ತೆಗೆದು, ಸರಿಯಾದ ವೇಗದಲ್ಲಿ, ಅಪ್ಪನ ಅನುಮತಿ ಕೇಳಿ ಆ ತುಣುಕನ್ನು ಕಳಿಸಿಕೊಟ್ಟರು.